ಕಬ್ಬಾಳಿನ ಮಾಯಾವಸ್ತ್ರ

"ತಾತ, ಹೊದ್ದುಕೊಂಡ್ರೆ ಯಾರ ಕಣ್ಣಿಗೂ ಕಾಣದೇ ಇರೋ ಬಟ್ಟೆ ನಿಜವಾಗ್ಲೂ ಇದೆಯಾ?"

ಬೇಸಿಗೆ ರಜೆಗೆ ಕಬ್ಬಾಳಿಗೆ ಬಂದಿದ್ದ ಮೊಮ್ಮಗಳು ಜಗಲಿಯಲ್ಲಿ ಹ್ಯಾರಿ ಪಾಟರ್ ಪುಸ್ತಕ ಹಿಡಿದು ಕೂತಿದ್ದಳು. ನಾನು ಎದುರಿನ ಕಬ್ಬಾಳದುರ್ಗದ ಕಡೆ ಕೈ ತೋರಿಸಿದೆ. "ಮೈಸೂರಿನ ದೊರೆ ಚಾಮರಾಜ ಒಡೆಯರನ್ನ 1734ರಲ್ಲಿ ಈ ಬೆಟ್ಟದ ಮೇಲೇ ಸೆರೆ ಇಟ್ಟಿದ್ರು. ಪಾಪ, ಅಲ್ಲೇ ತೀರಿಕೊಂಡ್ರು. ಅಂಥ ಬಟ್ಟೆ ಇದ್ದಿದ್ರೆ ಅವರು ತಪ್ಪಿಸಿಕೊಂಡು ಬರ್ತಿರಲಿಲ್ವಾ?"

ಅವಳು ನಕ್ಕಳು. ಕಥೆ ಶುರುವಾಯಿತು.

ಮಕ್ಕಳೇ, ಮಾಯಾವಸ್ತ್ರದ ಕಥೆಗಳು ನಮ್ಮಲ್ಲೇನೂ ಕಡಿಮೆಯಿಲ್ಲ. ದುಶ್ಶಾಸನ ಎಳೆದಷ್ಟೂ ಮುಗಿಯದ ದ್ರೌಪದಿಯ ಸೀರೆ ನಿಮಗೆ ಗೊತ್ತು. ದೇವೀ ಮಾಹಾತ್ಮ್ಯದಲ್ಲಿ ಶುಂಭಾಸುರನ ಹತ್ತಿರ ಇನ್ನೊಂದು ಬಗೆಯ ಜೋಡಿ ವಸ್ತ್ರ ಇತ್ತು. ಅಗ್ನಿಯೇ ಕೊಟ್ಟದ್ದು, ಬೆಂಕಿಯಲ್ಲಿ ಶುದ್ಧವಾಗುವಂಥದ್ದು. ಯೂರೋಪಿನಲ್ಲೂ ಬೆಂಕಿಯಲ್ಲಿ ಸುಡದ ಬಟ್ಟೆಯ ಮಾತಿತ್ತು. ಅದನ್ನು ಬೆಂಕಿಯಲ್ಲಿ ಬದುಕುವ ಪ್ರಾಣಿಯ ಉಣ್ಣೆ ಅನ್ನುತ್ತಿದ್ದರು. ಪ್ರಾಣಿಯೂ ಇಲ್ಲ ಏನೂ ಇಲ್ಲ, ನೆಲದಿಂದ ಅಗೆದು ತೆಗೆದ ಖನಿಜದ ನಾರು ಅದು ಎಂದು ಬರೆದಿಟ್ಟವನು ಮಾರ್ಕೊ ಪೋಲೊ. ಇನ್ನು 1837ರಲ್ಲಿ ಡೆನ್ಮಾರ್ಕಿನ ಆಂಡರ್ಸನ್ ಬರೆದ ಕಥೆಯ ರಾಜ, ಇಲ್ಲದ ಬಟ್ಟೆ ಉಟ್ಟು ಮೆರವಣಿಗೆ ಹೋದ. ನನಗೆ ಇವೆಲ್ಲಕ್ಕಿಂತ ಇಷ್ಟ ಅದೇ ರಾಜ!

ಆದರೆ ಒಂದು ಬಟ್ಟೆ ಮಾತ್ರ ಸಾವಿರಾರು ಮೈಲಿ ದೂರದವರಿಗೆ ಮಾಯೆಯಾಗಿಯೇ ಇತ್ತು. ಸುಮಾರು 2,000 ವರ್ಷಗಳ ಹಿಂದೆ ರೋಮಿನ ಪಂಡಿತ ಪ್ಲಿನಿ, ಅದು ಮರದ ಎಲೆಗಳಿಂದ ಬಾಚಿ ತೆಗೆಯುವ ನಾರು ಎಂದು ಬರೆದ. ಚೀನಾದವರು ಗುಟ್ಟು ಬಿಟ್ಟುಕೊಟ್ಟಿರಲಿಲ್ಲ. ಆರನೇ ಶತಮಾನದಲ್ಲಿ ಸನ್ಯಾಸಿಗಳು ಹುಳುವಿನ ಮೊಟ್ಟೆಗಳನ್ನು ಟೊಳ್ಳು ಕೋಲಿನೊಳಗೆ ಅಡಗಿಸಿ ಕಾನ್‌ಸ್ಟಾಂಟಿನೋಪಲ್‌ಗೆ ಸಾಗಿಸಿದರಂತೆ. ನಮ್ಮ ಮೈಸೂರು ಸೀಮೆಯಲ್ಲಿ ರೇಷ್ಮೆ ಕೃಷಿ ಬೇರೂರಿದ್ದು ಟಿಪ್ಪು ಸುಲ್ತಾನನ ಕಾಲದಲ್ಲಿ. ಹುಳು ಸಾಕುವುದನ್ನು ಕಲಿತು ಬರಲು ಆತ ಬಂಗಾಳಕ್ಕೆ ಜನ ಕಳಿಸಿದ್ದ. 1912ರಲ್ಲಿ ನಾಲ್ವಡಿ ಕೃಷ್ಣರಾಜ ಒಡೆಯರು ಸ್ವಿಟ್ಜರ್ಲೆಂಡಿನಿಂದ ಮಗ್ಗ ತರಿಸಿ ಮೈಸೂರಿನಲ್ಲಿ ಕಾರ್ಖಾನೆ ತೆರೆದರು.

"ಆ ಹುಳು ಎಲ್ಲಿದೆ?" ಎಂದಳು. ಎಲ್ಲಿ ಅಂದರೆ? ಹಿತ್ತಿಲ ಮನೆಯಲ್ಲೇ ಇತ್ತು. ಚಪ್ಪಲಿ ಬಿಡಿಸಿ, ಕೈಕಾಲು ತೊಳೆಸಿ, ಬಾಗಿಲಲ್ಲಿ ಹಾಕಿದ್ದ ಸುಣ್ಣದ ಪುಡಿ ತುಳಿಸಿ ಒಳಗೆ ಕರೆದುಕೊಂಡು ಹೋದೆ. ಪೌಡರ್, ಸೆಂಟು, ಊದುಬತ್ತಿ ಯಾವುದೂ ಅಲ್ಲಿ ನಡೆಯುವುದಿಲ್ಲ. ಅಜ್ಜಿ ಬಾಗಿಲಲ್ಲೇ ಅವಳನ್ನು ಮೂಸಿ ನೋಡಿ ಬಿಟ್ಟಳು.

ಸಾವಿರಾರು ಹುಳು ಹಿಪ್ಪುನೇರಳೆ ಸೊಪ್ಪು ಮೇಯುವ ಸದ್ದು ಹೆಂಚಿನ ಮೇಲೆ ಸಣ್ಣ ಮಳೆ ಬಿದ್ದ ಹಾಗಿರುತ್ತದೆ. ಮೊಟ್ಟೆಯಿಂದ ಹೊರಬಂದಾಗ ಇರುವೆಗಿಂತ ಸಣ್ಣದಾದ ಹುಳು, 25 ದಿನದಲ್ಲಿ ಸುಮಾರು 10,000 ಪಟ್ಟು ತೂಗುತ್ತದೆ. ನಡುವೆ ನಾಲ್ಕು ಸಲ ಚರ್ಮ ಕಳಚುತ್ತದೆ. ಅದನ್ನು ನಾವು 'ಜ್ವರ' ಅನ್ನುತ್ತೇವೆ. ಜ್ವರಕ್ಕೆ ಕೂತ ಹುಳು ಸೊಪ್ಪು ಮುಟ್ಟದೆ ತಲೆ ಎತ್ತಿ ಸುಮ್ಮನಿರುತ್ತದೆ. ಆಗ ಮುಟ್ಟಲೂಬಾರದು. ನಾಲ್ಕನೇ ಜ್ವರ ಎದ್ದ ಮೇಲಂತೂ ಹಗಲು ರಾತ್ರಿ ಮೇವು. ಆಮೇಲೆ ಮೈ ಪಾರದರ್ಶಕವಾಗಿ 'ಹಣ್ಣು' ಆಗುತ್ತದೆ. ಹಣ್ಣು ಹುಳುಗಳನ್ನು ಆರಿಸಿ ಚಂದ್ರಿಕೆಗೆ ಬಿಟ್ಟರೆ, ತಲೆಯನ್ನು ಇಂಗ್ಲಿಷಿನ ಎಂಟರ ಹಾಗೆ ಆಡಿಸುತ್ತಾ ಎರಡು ಮೂರು ದಿನದಲ್ಲಿ ಗೂಡು ಮುಗಿಸುತ್ತವೆ.

ಕಷ್ಟ ಬರುವುದು ಈ ಹೊತ್ತಿನಲ್ಲೇ. ಇವಳಮ್ಮ ಕಾಲೇಜು ಸೇರುವ ವರ್ಷ, ನಾಲ್ಕನೇ ಜ್ವರ ಎದ್ದ ಎರಡನೇ ದಿನ, ಪಕ್ಕದ ಹೊಲದ ಟೊಮೇಟೊಗೆ ಹೊಡೆದ ಔಷಧಿ ಗಾಳಿಯಲ್ಲಿ ನಮ್ಮ ಸೊಪ್ಪಿನ ಮೇಲೆ ಬಿದ್ದಿತ್ತು. ಗೊತ್ತಿಲ್ಲದೆ ಕೊಯ್ದು ಹಾಕಿದೆವು. ಸಂಜೆಗೆ ಹುಳುಗಳು ತಲೆ ಅಲ್ಲಾಡಿಸುತ್ತಾ ಹಸಿರು ನೀರು ಕಕ್ಕಿದವು. ಬೆಳಗಿನ ಹೊತ್ತಿಗೆ ಮಳೆಯ ಸದ್ದು ನಿಂತಿತ್ತು. ತಿಪ್ಪೆಗೆ ಹೊತ್ತು ಹಾಕಿದ್ದು ಎಷ್ಟು ಮಂಕರಿಯೋ ಎಣಿಸಲಿಲ್ಲ. ಕಾಲೇಜಿನ ಫೀಸಿಗೆ ಅಜ್ಜಿಯ ಓಲೆ ಗಿರವಿಗೆ ಹೋಯಿತು.

ಈ ಸಲದ ಬೆಳೆ ಚೆನ್ನಾಗಿತ್ತು. ರಾಮನಗರದ ಮಾರುಕಟ್ಟೆಗೆ ಅವಳೂ ಬಂದಳು. ಏಷ್ಯಾದಲ್ಲೇ ದೊಡ್ಡ ರೇಷ್ಮೆಗೂಡಿನ ಮಾರುಕಟ್ಟೆ ಅದು. ದಾರಿಯಲ್ಲಿ ಲೆಕ್ಕ ಕೊಟ್ಟೆ. ನೀವೂ ಮಾಡಿ. ಒಂದು ಕೆ.ಜಿ.ಗೆ ಸುಮಾರು 600 ಗೂಡು. ಒಂದು ಕೆ.ಜಿ. ನೂಲಿಗೆ ಸುಮಾರು 7 ಕೆ.ಜಿ. ಗೂಡು ಬೇಕು. ಅರ್ಧ ಕೆ.ಜಿ. ತೂಗುವ ಸೀರೆಗೆ? 2,100 ಗೂಡು. ಒಂದು ಗೂಡಿನಲ್ಲಿ 800 ಮೀಟರ್ ಎಳೆ ಅಂದರೂ 1,680 ಕಿ.ಮೀ. ಆಯಿತು. ಬೆಂಗಳೂರಿನಿಂದ ಹಕ್ಕಿಯಂತೆ ನೇರ ಹಾರಿದರೆ ಹೆಚ್ಚೂಕಡಿಮೆ ದೆಹಲಿ!

ಆಮೇಲೆ ನೂಲು ಬಿಚ್ಚುವ ಮನೆಯೊಂದಕ್ಕೆ ಹೋದೆವು. ಬಿಸಿನೀರಿನಲ್ಲಿ ಗೂಡುಗಳು ಕುಣಿಯುತ್ತಿದ್ದವು. ಎಂಟು ಹತ್ತು ಗೂಡುಗಳ ಎಳೆ ಸೇರಿ ಒಂದು ನೂಲಾಗಿ ಚರಕಕ್ಕೆ ಏರುತ್ತಿತ್ತು. ಕೆಳಗೆ ಕಂದು ಬಣ್ಣದ ಕೋಶಗಳು ಉಳಿದವು. ಹುಳು ಕೋಶವಾದದ್ದು, ಅದು ಬಿಸಿಗೆ ಸತ್ತದ್ದು ಅವಳಿಗೆ ಅಲ್ಲೇ ಅರ್ಥವಾಯಿತು.

"ಎಲ್ಲಾನೂ ಸಾಯುತ್ತಾ ತಾತ?"

ಸುಳ್ಳು ಹೇಳಲಿಲ್ಲ. "ಹೂಂ ಕಣವ್ವ. ಚಿಟ್ಟೆ ಗೂಡು ತೂತು ಮಾಡ್ಕೊಂಡು ಹೊರಗೆ ಬಂದ್ರೆ ಎಳೆ ತುಂಡಾಗುತ್ತೆ. ಆ ಗೂಡಿಂದ ಉದ್ದ ನೂಲು ಬರಲ್ಲ, ಹತ್ತಿ ಥರ ನೂಲಬೇಕು."

ರಾತ್ರಿ ಅವಳು ಸರಿಯಾಗಿ ಊಟ ಮಾಡಲಿಲ್ಲ. ಬೆಳಗ್ಗೆ ಎದ್ದವಳೇ ಮಾರದೆ ಉಳಿದಿದ್ದ ಐದು ಗೂಡುಗಳನ್ನು ರಟ್ಟಿನ ಪೆಟ್ಟಿಗೆಯಲ್ಲಿಟ್ಟು ತೂತು ಮಾಡಿದಳು. ವಾರ ಕಳೆದ ಮೇಲೆ ಬಿಳಿ ಚಿಟ್ಟೆಗಳು ಬಂದವು. ಅಂಗಳದಲ್ಲಿ ಬಿಟ್ಟಳು. ಅವು ರೆಕ್ಕೆ ಬಡಿದವು, ಹಾರಲಿಲ್ಲ. ಸಾವಿರಾರು ವರ್ಷ ಮನುಷ್ಯರ ಮನೆಯಲ್ಲೇ ಬೆಳೆದ ಈ ಚಿಟ್ಟೆಗೆ ಹಾರಲು ಬರುವುದಿಲ್ಲ, ಏನನ್ನೂ ತಿನ್ನುವುದೂ ಇಲ್ಲ. ಕಾಗದದ ಮೇಲೆ ನೂರಾರು ಮೊಟ್ಟೆ ಇಟ್ಟು ಕೆಲವೇ ದಿನದಲ್ಲಿ ಸತ್ತವು.

ಊರಿಗೆ ಹೊರಡುವಾಗ ಅಜ್ಜಿ ತನ್ನ ಮದುವೆಯ ರೇಷ್ಮೆ ಸೀರೆ ತೆಗೆದು, "ಇದರಲ್ಲಿ ನಿಂಗೆ ಲಂಗ ಹೊಲಿಸಲಾ?" ಎಂದಳು. ಮೊಮ್ಮಗಳು ಬಹಳ ಹೊತ್ತು ಸೀರೆ ಸವರುತ್ತಾ ನಿಂತಳು. ತೂತು ಬಿದ್ದ ಒಂದು ಗೂಡು ಈಗ ಅವಳ ಪೆನ್ಸಿಲ್ ಡಬ್ಬಿಯಲ್ಲಿದೆಯಂತೆ. ಲಂಗ ಬೇಕೋ ಬೇಡವೋ, ಇನ್ನೂ ಹೇಳಿಲ್ಲ.