ಮನೆ ಯಾರದು?

ತಂದೆಯವರು ಬಾಡಿಗೆಗೆ ಕೊಟ್ಟಿದ್ದ ಮನೆಯನ್ನು ತೆರವು ಮಾಡಿರೆಂದೊಡನೆ ಆ ಮಹನೀಯರು, "ಮನೆ ನಿಮ್ಮದೆಂಬುದಕ್ಕೆ ಆಧಾರವೇನು ಸ್ವಾಮಿ?" ಎಂದರು. ನಾನು ತಬ್ಬಿಬ್ಬಾದೆ, ಕ್ರಯಪತ್ರದ ಅರ್ಧವನ್ನು ಗೆದ್ದಲು ಓದಿ ಮುಗಿಸಿತ್ತು.

ವಕೀಲರು ನಕ್ಕರು. ಮನೆಯೊಳಗೆ ಬಿಟ್ಟುಕೊಂಡವನಿಗೆ ಅಂದೇ ಹಕ್ಕಿರಲಿಲ್ಲವೆನ್ನಲು ಬಾಡಿಗೆದಾರನಿಗೆ ಬಾಯಿಲ್ಲ. 1872ರ ಸಾಕ್ಷ್ಯ ಕಾಯಿದೆಯ 116ನೆಯ ಕಲಮಿನ ಈ ಕಟ್ಟು 2023ರ ಭಾರತೀಯ ಸಾಕ್ಷ್ಯ ಅಧಿನಿಯಮದಲ್ಲೂ ಉಳಿದಿದೆ. ಒಡೆತನವನ್ನು ಅಲ್ಲಗಳೆದರೆ 1882ರ ಸ್ವತ್ತು ವರ್ಗಾವಣೆ ಕಾಯಿದೆಯಂತೆ ಬಾಡಿಗೆಯ ಹಕ್ಕೇ ಕಳೆದೀತು. "ಆದರೆ ತಾವು ತಂದೆಯಲ್ಲ, ಮಗ" ಎಂದು ಅವರು ಗಂಭೀರರಾದರು; "ಹಕ್ಕು ತಮಗೆ ಇಳಿದುಬಂದುದನ್ನು ಅವರು ಪ್ರಶ್ನಿಸಬಹುದು. ತಮ್ಮ ಕೈಗೆ ಎಂದಾದರೂ ಬಾಡಿಗೆ ಕೊಟ್ಟಿದ್ದಾರೆಯೇ?"

ಮೇಜಿನ ಖಾನೆ ತಡಕಿದೆ. ಸಿಕ್ಕಿತು: ಹೆಂಚು ಹೊದಿಸಿದ ಖರ್ಚು ಮುರಿದುಕೊಂಡು ಉಳಿದ ಬಾಡಿಗೆ ಕಳಿಸಿದ್ದೇನೆಂದು ನನಗೇ ಬರೆದ ಕಾಗದ. ದಾವೆ ಹೂಡುವ ಮೊದಲೇ ಬೀಗದಕೈ ಬಂತು. ಹೊರಡುವಾಗ ಮಹನೀಯರು ಸಂಕೋಚವಿಲ್ಲದೆ ಮುಂಗಡ ಕೇಳಿದರು. ಎಣಿಸಿ ಕೊಟ್ಟು ರಸೀದಿ ಬರೆಸಿಕೊಂಡೆ.