ಪರಕಂಠದಲ್ಲಿ ಹಾಡಿದವರು

1981ರ ಬೇಸಗೆಯ ಮಾತು. ಶ್ರೀನಿವಾಸಪುರದ ಸಮೀಪದ ಹಳ್ಳಿಯೊಂದರಲ್ಲಿ ನಮ್ಮ ಬಂಧುಗಳ ಮದುವೆ. ಮಾವಿನ ತೋಪಿನ ಅಂಚಿನಲ್ಲಿ ಚಪ್ಪರ; ಮರವೊಂದರ ಕವಲಿಗೆ ಕಟ್ಟಿದ ಧ್ವನಿವರ್ಧಕ. ದೇವರನಾಮಗಳ ತಟ್ಟೆಗಳು ಮುಗಿದೊಡನೆ ಮೈಕ್‌ಸೆಟ್ಟಿನ ಹುಡುಗ ತನಗೆ ಪ್ರಿಯವಾದುದನ್ನು ತಿರುಗಿಸಿದ: 'ಕುರ್ಬಾನಿ' ಚಿತ್ರದ 'ಆಪ್ ಜೈಸಾ ಕೋಯಿ'. ಎಳೆಯ ಕಂಠವೊಂದು ತನ್ನ ನೆರಳನ್ನು ತಾನೇ ಹಿಂಬಾಲಿಸಿದಂತೆ ತೋಪಿನ ತುಂಬ ಹರಡಿತು. ಎಲೆಗೆ ಸುಣ್ಣ ಸವರುತ್ತಿದ್ದ ನನ್ನ ಸೋದರಮಾವ ಕೈ ತಡೆದು, "ಹಾಡ್ತಾ ಇರೋಳು ಒಬ್ಬಳೋ, ಇಬ್ಬರೋ?" ಎಂದರು.

ನನ್ನ ಪಕ್ಕದಲ್ಲಿ ಕೆ.ಜಿ.ಎಫ್.ನಿಂದ ಬಂದ ಗೆಳೆಯನೊಬ್ಬ ಕುಳಿತಿದ್ದ. ಹಗಲು ಚಾಂಪಿಯನ್ ರೀಫ್ಸ್ ಗಣಿಯಲ್ಲಿ ಕೆಲಸ, ಸಂಜೆ ಗಿಟಾರು. "ಒಬ್ಬಳೇ ಸ್ವಾಮಿ. ಹಾಡು ಕಟ್ಟಿದೋರು ನಮ್ಮ ಬೆಂಗಳೂರಿನೋರು. ಬಿದ್ದು ಅಂತ ಹೆಸರು" ಎಂದ.

"ಬಿದ್ದು ಎದ್ದವರೇನೋ!" ಎಂದು ಮಾವ ನಕ್ಕರು. ಗೆಳೆಯ ನಗಲಿಲ್ಲ. ನನಗಂತೂ ನಂಬಿಕೆಯೇ ಬರಲಿಲ್ಲ.

ಗೆಳೆಯ ಹೇಳಿದ್ದು ನಿಜವಾಗಿತ್ತು. ಕೊಡವ ಮನೆತನದ ಬಿದ್ದು ಅಪ್ಪಯ್ಯ ಅವರು 1945ರಲ್ಲಿ ಬೆಂಗಳೂರಿನಲ್ಲಿ ಹುಟ್ಟಿದವರು. ರೇಡಿಯೊ ಸಿಲೋನ್ ಅವರ ಸಂಗೀತ ಶಾಲೆ. ಹದಿಹರೆಯದಲ್ಲಿಯೇ 'ಟ್ರೋಜನ್ಸ್' ಎಂಬ ಮೇಳ ಕಟ್ಟಿಕೊಂಡು ಇಂಗ್ಲಿಷ್ ಹಾಡುಗಳನ್ನು ಹಾಡಿದರು. ಮೇಳ ಚದುರಿದ ಮೇಲೆ ಒಬ್ಬರೇ ಗಿಟಾರು ಹಿಡಿದು ಹಾಡಿದರು. ಕೆ.ಜಿ.ಎಫ್.ನವನಿಗೆ ಈ ಹೆಸರು ತಿಳಿದಿದ್ದುದರಲ್ಲಿ ಸೋಜಿಗವೇನೂ ಇಲ್ಲ. ಜಾನ್ ಟೇಲರ್ ಕಂಪನಿ 1880ರಲ್ಲಿ ಚಿನ್ನ ಅಗೆಯಲು ಬಂದ ಮೇಲೆ ಅಲ್ಲಿ ಕ್ಲಬ್ಬುಗಳೂ ಕುಣಿತದ ಮನೆಗಳೂ ಎದ್ದು, ಆ ಊರಿಗೆ 'ಚಿಕ್ಕ ಇಂಗ್ಲೆಂಡ್' ಎಂಬ ಹೆಸರೇ ಬಿದ್ದಿತ್ತು. ಹದಿನೆಂಟು ಮೈಲಿಯಾಚೆ ಕೋಲಾರದಲ್ಲಿದ್ದ ನಮಗೆ ಆ ಲೋಕ ಅಪರಿಚಿತವಾಗಿ ಉಳಿದಿತ್ತು, ಅಷ್ಟೆ.

1967ರಲ್ಲಿ ಬಿದ್ದು ಲಂಡನ್ನಿಗೆ ಹೊರಟರು. ಹಾಡುಗಾರನಾಗಬೇಕು, ತನ್ನ ಕಂಠವನ್ನು ಲೋಕ ಕೇಳಬೇಕು ಎಂಬುದೊಂದೇ ಬಂಡವಾಳ. ಆ ವರ್ಷವನ್ನು ಓದುಗರು ಗಮನಿಸಬೇಕು. ಲಂಡನ್ನಿನಲ್ಲಿ ಆಗ 'ಸೈಕೆಡೆಲಿಕ್' ರಾಕ್ ಸಂಗೀತದ ಭರಾಟೆ. ಮತ್ತಿನ ಮದ್ದು ಸೇವಿಸಿದವನ ಕಣ್ಣಿಗೆ ಬಣ್ಣಗಳು ಕರಗಿ ಹರಿದಂತೆ ನಾದವನ್ನೂ ಕರಗಿಸಿ, ಹಿಗ್ಗಿಸಿ ಕೇಳಿಸುವ ಬಗೆ ಅದು. ಪಿಂಕ್ ಫ್ಲಾಯ್ಡ್ ಮೇಳದ ಗಾಯಕ, ಗೀತಕಾರ ಸಿಡ್ ಬ್ಯಾರೆಟ್ ಅದರ ಕಣ್ಮಣಿ. ಅವರ ಮೊದಲ ಆಲ್ಬಂ ಬಂದುದು ಅದೇ 1967ರಲ್ಲಿ. ಬೀಟಲ್ಸ್ ಮೇಳದ ಜಾರ್ಜ್ ಹ್ಯಾರಿಸನ್ 1965ರಲ್ಲಿಯೇ ಸಿತಾರ್ ಹಿಡಿದಾಗಿತ್ತು. 1968ರಲ್ಲಿ ಆ ನಾಲ್ವರೂ ಋಷಿಕೇಶಕ್ಕೆ ಬಂದರು. ಇಂಗ್ಲೆಂಡಿನ ಹುಡುಗರು ಸಿತಾರಿಗಾಗಿ ಪೂರ್ವಕ್ಕೆ ಮುಖ ಮಾಡಿದ್ದಾಗ, ನಮ್ಮ ಬೆಂಗಳೂರಿನ ಹುಡುಗ ಗಿಟಾರು ಹಿಡಿದು ಪಶ್ಚಿಮಕ್ಕೆ ನಡೆದಿದ್ದ! ವಿಧಿಗೂ ವಿನೋದಪ್ರಿಯತೆ ಇದ್ದಂತೆ ತೋರುತ್ತದೆ.

ಲಂಡನ್ ಅವರ ಕಂಠಕ್ಕೆ ಕಾದು ಕುಳಿತಿರಲಿಲ್ಲ. ಹೊಟ್ಟೆಪಾಡಿಗೆ ಅಡುಗೆಮನೆಯ ಕೆಲಸ ಮಾಡಿದರು. ಸ್ವಂತ ಕಂಠದ ತಟ್ಟೆಗಳನ್ನು ಹೊರತಂದರೂ ಹೆಸರು ಬರಲಿಲ್ಲ. ಆಗ ಅವರು ಹಿಡಿದದ್ದು ಹಾಡಿಸುವ ದಾರಿಯನ್ನು. ಯಾವ ಕಂಠಕ್ಕೆ ಯಾವ ಹಾಡು, ತಾಳ ಎಷ್ಟು ಬಿಗಿ, ಪಿಟೀಲು ಎಲ್ಲಿ ಏಳಬೇಕು ಎಂದು ತೀರ್ಮಾನಿಸುವ ಈ ಕಸುಬಿಗೆ ಅಲ್ಲಿ ಪ್ರೊಡ್ಯೂಸರ್ ಎನ್ನುತ್ತಾರೆ. 1969ರಲ್ಲಿ ಜಪಾನಿನ 'ಟೈಗರ್ಸ್' ಮೇಳಕ್ಕೆ ಅವರು ಮಾಡಿಸಿದ ಹಾಡು ಆ ದೇಶದಲ್ಲಿ ಗೆದ್ದಿತು.

1974ರ ಪ್ರಸಂಗವನ್ನು ಮಾತ್ರ ವಿವರವಾಗಿ ಹೇಳಲೇಬೇಕು. ಜಮೈಕಾ ಮೂಲದ ಗಾಯಕ ಕಾರ್ಲ್ ಡಗ್ಲಸ್‌ನಿಂದ ಒಂದು ಹಾಡಿನ ಮುದ್ರಣ ನಡೆದಿತ್ತು. ಬಾಡಿಗೆ ಹಿಡಿದ ವೇಳೆಯಲ್ಲಿ ಬಹುಪಾಲು ಆ ಹಾಡೇ ನುಂಗಿತು. ತಟ್ಟೆಯ ಇನ್ನೊಂದು ಮಗ್ಗುಲಿಗೂ ಏನಾದರೂ ಬೇಕಲ್ಲ? ಡಗ್ಲಸ್ ತಾನೇ ಬರೆದಿದ್ದ ಕೆಲವು ಗೀತೆಗಳನ್ನು ತೋರಿಸಿದ. ಬಿದ್ದು ಒಂದನ್ನು ಆರಿಸಿ, ಉಳಿದಿದ್ದ ಹತ್ತು ನಿಮಿಷಗಳಲ್ಲಿ ಮುಗಿಸಿದರು. ಅದೇ 'ಕುಂಗ್ ಫು ಫೈಟಿಂಗ್'. ಪೈ ಕಂಪನಿಯವರು ಕೇಳಿ, ಇದೇ ಮುಂದಿನ ಮಗ್ಗುಲಾಗಲಿ ಎಂದು ಹಟ ಹಿಡಿದರು. ಆ ವರ್ಷವೇ ಬ್ರಿಟನ್ನಿನಲ್ಲಿಯೂ ಅಮೆರಿಕದಲ್ಲಿಯೂ ಅದು ಮೊದಲ ಸ್ಥಾನಕ್ಕೇರಿತು. ಮಾರಾಟವಾದ ತಟ್ಟೆಗಳ ಸಂಖ್ಯೆಯನ್ನು ಕೋಟಿಯಲ್ಲಿ ಎಣಿಸುತ್ತಾರೆ. ಪಾತ್ರೆಯ ತಳದಲ್ಲಿ ಉಳಿದ ಅನ್ನದಿಂದ ಊರಿಗೇ ಊಟವಾದ ಹಾಗೆ!

ಅನಂತರ 1976ರಲ್ಲಿ ಟೀನಾ ಚಾರ್ಲ್ಸ್ ಎಂಬ ಗಾಯಕಿಯಿಂದ 'ಐ ಲವ್ ಟು ಲವ್' ಹಾಡಿಸಿ ಬ್ರಿಟನ್ನಿನ ಅಗ್ರಸ್ಥಾನಕ್ಕೆ ತಂದರು. 'ಕುರ್ಬಾನಿ'ಯ ಉಳಿದ ಗೀತೆಗಳು ಕಲ್ಯಾಣ್‌ಜಿ ಆನಂದ್‌ಜಿ ಅವರವು. ಈ ಒಂದು ಹಾಡಿಗಾಗಿ ಫಿರೋಜ್ ಖಾನ್ ಬಿದ್ದು ಅವರನ್ನು ಹುಡುಕಿಕೊಂಡು ಹೋದರು. ಹಾಡಿದ ಪಾಕಿಸ್ತಾನದ ನಾಜಿಯಾ ಹಸನ್ ಆಗ ಲಂಡನ್ನಿನಲ್ಲಿ ಓದುತ್ತಿದ್ದ ಹದಿನೈದರ ಬಾಲೆ. ಅವಳ ಕಂಠದ ಮೇಲೆ ಅವಳದೇ ಕಂಠವನ್ನು ಹೊದಿಸಿ ಮುದ್ರಿಸಿದ್ದರು. ಮಾವನವರ ಪ್ರಶ್ನೆ ದಡ್ಡ ಪ್ರಶ್ನೆಯಾಗಿರಲಿಲ್ಲ! 1995ರ 'ಮೇಡ್ ಇನ್ ಇಂಡಿಯಾ'ವನ್ನು ಅಲಿಶಾ ಚಿನಾಯ್ ದೇಶಕ್ಕೆಲ್ಲ ಕೇಳಿಸಿದರು. 2010ರಲ್ಲಿ ಹೊರಬಂದ ತಮ್ಮ ಆತ್ಮಕಥೆಗೂ ಬಿದ್ದು ಅದೇ ಹೆಸರನ್ನಿಟ್ಟರು.

ಸಿಡ್ ಬ್ಯಾರೆಟ್ 1968ರಲ್ಲಿಯೇ ತನ್ನ ಮೇಳದಿಂದ ದೂರವಾಗಿ, 1970ರಲ್ಲಿ ಎರಡು ಆಲ್ಬಂಗಳನ್ನು ಕೊಟ್ಟು, ಕಡೆಗೆ ಕೇಂಬ್ರಿಜ್ಜಿನ ಮನೆ ಸೇರಿ 2006ರಲ್ಲಿ ತೀರಿಕೊಂಡ. ಆತನ ಕಂಠವನ್ನು ಇಂದಿಗೂ ಗುರುತಿಸುವವರಿದ್ದಾರೆ. ಬಿದ್ದು ಅವರ ಕಂಠವನ್ನು ಗುರುತಿಸುವವರು ಎಷ್ಟು ಮಂದಿ? ಇದನ್ನು ಸೋಲೆಂದೇ ನಾನು ಬಹುಕಾಲ ಎಣಿಸಿದ್ದೆ. ಈಗ ಹಾಗೆನ್ನಲಾರೆ. ಹದಿನೈದನೆಯ ಶತಮಾನದಲ್ಲಿ ನಮ್ಮ ಮುಳಬಾಗಿಲಿನ ಶ್ರೀಪಾದರಾಜರು ಕಟ್ಟಿದ ಪದಗಳೂ ಇಂದು ಬದುಕಿರುವುದು ಪರಕಂಠಗಳಲ್ಲಿಯೇ. ಹೋಲಿಕೆ ಅತಿಯಾಯಿತೆನ್ನುವವರು ಹೋಲಿಕೆಯನ್ನು ಬಿಡಲಿ. ಮಾತು ಉಳಿದರೆ ಸಾಕು.

ನನ್ನ ತಪ್ಪೆಣಿಕೆಗೆ ಬೆಲೆ ತೆತ್ತವನು ಆ ಗೆಳೆಯ. ಮದುವೆಯಿಂದ ಹಿಂದಿರುಗುವ ಬಸ್ಸಿನಲ್ಲಿ ಆತ ಹೇಳಿದ್ದ: "ನನ್ನ ಗಂಟಲು ಒರಟು, ಅದು ಗೊತ್ತು. ಆದ್ರೆ ರಾಗ ಬರ್ತವೆ. ನೀನು ಕನ್ನಡದಲ್ಲಿ ಮಾತು ಬರಕೊಡು, ಹಾಡೋರನ್ನ ಹುಡುಕೋಣ." ಆಗ ನನ್ನ ನಾಲ್ಕಾರು ಕವಿತೆಗಳು ಅಚ್ಚಾಗಿದ್ದವು, ತಲೆ ನಿಂತಿರಲಿಲ್ಲ. ಕುಣಿತದ ಧಾಟಿಗೆ ಕವಿತೆ ಬರೆಯುವವನು ನಾನಲ್ಲ ಎಂದುಬಿಟ್ಟೆ. ಆತ ಮತ್ತೆ ಕೇಳಲಿಲ್ಲ. 2001ರ ಫೆಬ್ರವರಿ 28ರಂದು ಗಣಿ ಮುಚ್ಚಿತು. ಕೆಲವು ವರ್ಷಗಳಲ್ಲಿ ಆತನೂ ಹೋದ.

ಕಳೆದ ವರ್ಷ ರಾಬರ್ಟ್‌ಸನ್‌ಪೇಟೆಯ ಮನೆಗೆ ಹೋದಾಗ ಆತನ ಮಗಳು ಒಂದು ಕ್ಯಾಸೆಟ್ ತಂದಿಟ್ಟಳು. "ಅಂಕಲ್, ಇದು ನಿಮಗೆ ಅಂತ ಅಪ್ಪ ಇಟ್ಟಿದ್ರು." ಕೋಲಾರದಲ್ಲಿ ಹಳೆಯ ಟೇಪ್ ರೆಕಾರ್ಡರನ್ನು ರಿಪೇರಿ ಮಾಡಿಸಿ ಕೇಳಿದೆ. ಗಿಟಾರಿನ ಮೇಲೆ ಬರಿಯ 'ಲಲಲಾ', ಒಂದೂ ಮಾತಿಲ್ಲ. ಮೂರನೆಯ ಧಾಟಿಯ ನಡುವೆ ಬಾರಿಸುವುದನ್ನು ನಿಲ್ಲಿಸಿ, ಆ ಒರಟು ಗಂಟಲಿನಲ್ಲಿ, "ಇಲ್ಲಿಗೆ ಮಾತು ಬರಬೇಕು" ಎನ್ನುತ್ತಾನೆ.

ಆರು ತಿಂಗಳಿಂದ ಅದರ ಮುಂದೆ ಕುಳಿತಿದ್ದೇನೆ. ಪಲ್ಲವಿ ಒಂದಷ್ಟು ಕೂಡಿಬಂದಿದೆ. ಚರಣ ಇನ್ನೂ ಬಂದಿಲ್ಲ.