ನಿರ್ದೇಶಕನಿಲ್ಲದೆ ಮುಗಿದ ಚಿತ್ರ

ಚಲನಚಿತ್ರವು ಕಥೆಯ ಕ್ರಮದಲ್ಲಿ ಹುಟ್ಟುವುದಿಲ್ಲ. ಒಂದೇ ಸ್ಥಳದ ದೃಶ್ಯಗಳನ್ನು, ಅವು ಕಥೆಯಲ್ಲಿ ಎಲ್ಲಿಯೇ ಬರಲಿ, ಒಟ್ಟಿಗೆ ತೆಗೆಯುವುದು ವಾಡಿಕೆ. ಫಿಲ್ಮಿನ ಕಾಲದಲ್ಲಿ ಸಂಕಲನಕಾರನು ಆ ತುಂಡುಗಳನ್ನು ಕತ್ತರಿಸಿ, ಅಂಟಿಸಿ ಕಥೆಯನ್ನು ಹೊಂದಿಸುತ್ತಿದ್ದನು. ಆದುದರಿಂದಲೇ ಚಿತ್ರವೊಂದು ತನ್ನ ನಿರ್ದೇಶಕನ ಮರಣಾನಂತರವೂ ಪೂರ್ಣಗೊಳ್ಳಬಲ್ಲುದು.

ಫಿನ್ಲೆಂಡಿನ ನ್ಯುರ್ಕಿ ತಾಪಿಯೋವಾರನು 1937ರಲ್ಲಿ ‘ಯುಹಾ’ ಚಿತ್ರದೊಡನೆ ನಿರ್ದೇಶನಕ್ಕಿಳಿದನು. ಮರುವರ್ಷದ ‘ಕದ್ದ ಸಾವು’ ನಮ್ಮ ಎಣಿಕೆಯಲ್ಲಿ ಅವನ ಶ್ರೇಷ್ಠ ಕೃತಿ. ಐದನೆಯದಾದ ‘ಪುರುಷನ ದಾರಿ’ ಸಿಲ್ಲನ್‌ಪ್ಯಾನ ಕಾದಂಬರಿಯನ್ನು ಆಧರಿಸಿದುದು. ಅದು ಮುಗಿಯುವ ಮುನ್ನವೇ ಸೋವಿಯತ್ ಒಕ್ಕೂಟದೊಡನೆ ಯುದ್ಧವು ಮೊದಲಾಯಿತು. 1940ರ ಫೆಬ್ರವರಿಯಲ್ಲಿ ಅವನು ರಣರಂಗದಲ್ಲಿ ಮಡಿದನು. ವಯಸ್ಸು 28! ಸಹೋದ್ಯೋಗಿಗಳಾದ ಎರಿಕ್ ಬ್ಲೋಂಬರ್ಗ್ ಮತ್ತು ಹ್ಯೂಗೋ ಹ್ಯುತೋನೆನ್ ಉಳಿದ ಕೆಲಸವನ್ನು ಪೂರೈಸಲು, ಅದೇ ವರ್ಷ ಚಿತ್ರವು ತೆರೆಯನ್ನು ಕಂಡಿತು. ಬ್ಲೋಂಬರ್ಗನು ಮುಂದೆ ತಾನೇ ನಿರ್ದೇಶಕನಾಗಿ 1952ರಲ್ಲಿ ‘ಬಿಳಿಯ ಹಿಮಸಾರಂಗ’ವನ್ನು ತೆಗೆದನು.